ಚೆಂಡಿನ ಜೊತೆ ಮಾತಾಡಿದ ಹುಡುಗ

ಪ್ರಿಯ ಓದುಗರೇ,

ಅಮೆರಿಕದ ಬೇಸ್‌ಬಾಲ್ ಪಿಚರ್ (ಚೆಂಡು ಎಸೆಯುವ ಆಟಗಾರ) ಮಾರ್ಕ್ ಫಿಡ್ರಿಚ್ ಬಗ್ಗೆ ಕಳೆದ ಸಂಚಿಕೆಯಲ್ಲಿ ಬಂದ ಬರಹ ನಿಮಗೆ ಹಿಡಿಸಿಲ್ಲ. 'ಚೆಂಡಿನ ಜೊತೆ ಮಾತಾಡುವುದು ಬರೀ ನಾಟಕ. ಬರೀ 29 ಪಂದ್ಯ ಗೆಲ್ಲಿಸಿದವನಿಗೆ ಎರಡು ಪುಟ ಯಾಕೆ?' ಎಂದು ಕೇಳಿದ್ದೀರಿ.

ನಾಟಕ ಅಲ್ಲ. 1976ರಲ್ಲಿ ಡೆಟ್ರಾಯಿಟ್ ಟೈಗರ್ಸ್ ತಂಡಕ್ಕೆ ಬಂದಾಗ ಅವನಿಗೆ 21 ವರ್ಷ. ಉದ್ದನೆಯ ಮೈ, ಗುಂಗುರು ಕೂದಲು. ಮಕ್ಕಳ ಟಿವಿ ಕಾರ್ಯಕ್ರಮದ ಬಿಗ್ ಬರ್ಡ್ ಥರ ಇದ್ದಾನೆ ಅಂತ 'ಬರ್ಡ್' ಎಂದೇ ಹೆಸರಾಯಿತು. ಪಿಚರ್ ನಿಲ್ಲುವ ಮಣ್ಣಿನ ದಿಬ್ಬದ ಮೇಲೆ ಮಂಡಿಯೂರಿ ಕೂರುತ್ತಿದ್ದ. ಹಿಂದಿನವರು ತುಳಿದು ಮಾಡಿದ ಗುಂಡಿಗಳನ್ನು ಬರಿಗೈಯಲ್ಲಿ ಸವರಿ ಮುಚ್ಚುತ್ತಿದ್ದ. ಎದುರಾಳಿ ಚೆನ್ನಾಗಿ ಬಾರಿಸಿದ ಚೆಂಡು ಅವನಿಗೆ ಬೇಡ. ಅದು ಚೀಲಕ್ಕೆ ಹೋಗಿ ಬೇರೆ ಚೆಂಡುಗಳ ಜೊತೆ ಸೇರಿ ಬುದ್ಧಿ ಕಲಿಯಲಿ ಅನ್ನುತ್ತಿದ್ದ! ಇನ್ನು ಆ ಮಾತುಗಳು ಚೆಂಡಿಗಲ್ಲ, ತನಗೇ ಹೇಳಿಕೊಂಡದ್ದು ಅಂತ ಅವನೇ ಹೇಳಿದ್ದಾನೆ. ಪರೀಕ್ಷೆಗೆ ಮುಂಚೆ ನಾವೂ ಹಾಗೆ ಗೊಣಗಿಕೊಳ್ಳುತ್ತೇವೆ, ಅಲ್ವಾ?

ಜೂನ್ 28ರ ರಾತ್ರಿ ನ್ಯೂಯಾರ್ಕ್ ಯಾಂಕೀಸ್ ವಿರುದ್ಧದ ಪಂದ್ಯವನ್ನು ದೇಶವೇ ಟಿವಿಯಲ್ಲಿ ನೋಡಿತು. ಟೈಗರ್ಸ್ 5-1ರಿಂದ ಗೆದ್ದರು. ಪಂದ್ಯ ಮುಗಿದರೂ 47,855 ಜನ ಎದ್ದು ಹೋಗಲೇ ಇಲ್ಲ. ಅವನು ಮತ್ತೆ ಮೈದಾನಕ್ಕೆ ಬಂದು ಮುಖ ತೋರಿಸುವ ತನಕ ಕೂಗಿದರು. ಆ ವರ್ಷ 19 ಗೆಲುವು, 9 ಸೋಲು. ಒಂಬತ್ತು ಇನ್ನಿಂಗ್ಸಿಗೆ, ಅಂದರೆ ಒಂದು ಪೂರ್ತಿ ಪಂದ್ಯಕ್ಕೆ, ಅವನು ಬಿಟ್ಟುಕೊಟ್ಟು ಅವನ ಲೆಕ್ಕಕ್ಕೆ ಬಂದ ರನ್ ಸರಾಸರಿ 2.34. ಅಷ್ಟು ಕಡಿಮೆ ಕೊಟ್ಟವರು ಅಮೆರಿಕದ ಎರಡೂ ದೊಡ್ಡ ಲೀಗ್‌ಗಳಲ್ಲಿ ಬೇರೆ ಯಾರೂ ಇರಲಿಲ್ಲ.

ನನ್ನನ್ನು ಕಾಡುವುದು ಇನ್ನೊಂದು ಲೆಕ್ಕ. ಆ ಒಂದೇ ವರ್ಷ ಅವನು ಶುರು ಮಾಡಿದ 29 ಪಂದ್ಯಗಳಲ್ಲಿ 24ನ್ನು ಕೊನೆಯವರೆಗೆ ಅವನೊಬ್ಬನೇ ಎಸೆದ. ಒಟ್ಟು 250 ಇನ್ನಿಂಗ್ಸ್. ಆ ವಯಸ್ಸಿನ ಕೈಗೆ ಅದು ತುಂಬಾ ಜಾಸ್ತಿ ಆಯಿತು ಅಂತ ನನ್ನ ನಂಬಿಕೆ. 1977ರ ಅಭ್ಯಾಸ ಶಿಬಿರದಲ್ಲಿ ಸುಮ್ನೆ ಹಾರಿ ಕ್ಯಾಚ್ ಹಿಡಿಯಲು ಹೋಗಿ ಮಂಡಿ ಕೆಡಿಸಿಕೊಂಡ. ವಾಪಸ್ ಬಂದ ಮೇಲೆ, ಜುಲೈನಲ್ಲಿ, ಪಂದ್ಯದ ನಡುವೆಯೇ ಕೈ ಸತ್ತಂತಾಯಿತು. ಮುಂದಿನ ಮೂರು ವರ್ಷಗಳಲ್ಲಿ ಸಿಕ್ಕಿದ್ದು ನಾಲ್ಕೇ ಗೆಲುವು. ಆಮೇಲೆ ಸಣ್ಣ ಲೀಗ್‌ಗಳಲ್ಲಿ ಒದ್ದಾಡಿ, 1983ರಲ್ಲಿ ಆಟ ಬಿಟ್ಟು ಮ್ಯಾಸಚೂಸೆಟ್ಸ್‌ನ ತನ್ನೂರು ನಾರ್ತ್‌ಬರೋಗೆ ಹೋದ. ಹೊಲ ನೋಡಿಕೊಂಡು, ಟ್ರಕ್ ಓಡಿಸಿಕೊಂಡು ಬದುಕಿದ.

ಭುಜದ ರೋಟೇಟರ್ ಕಫ್ (ಭುಜದ ಕೀಲನ್ನು ಹಿಡಿದಿಡುವ ಸ್ನಾಯುಗಳು) ಹರಿದಿದೆ ಅಂತ ಡಾಕ್ಟರ್ ಒಬ್ಬರು ಕಂಡುಹಿಡಿದದ್ದು 1985ರಲ್ಲಿ. ಅಲ್ಲಿಯವರೆಗೆ, ಎಂಟು ವರ್ಷ, ತನ್ನ ಕೈಗೆ ಏನಾಗಿದೆ ಅಂತಲೇ ಆ ಹುಡುಗನಿಗೆ ಗೊತ್ತಿರಲಿಲ್ಲ.

- ಸಂಪಾದಕ