ಇಂಗ್ಲೆಂಡಿನ ಪತ್ರಾಗಾರದಲ್ಲಿ ಕೆಲಸ: ಬರುವ ಮುಂಚೆ ತಿಳಿದಿರಲಿ

ನಮಸ್ಕಾರ. ಮೈಸೂರಿನಲ್ಲಿ ಲೈಬ್ರರಿ ಸೈನ್ಸ್ ಮುಗಿಸಿದ್ದೀರಿ, ಇಂಗ್ಲೆಂಡಿನಲ್ಲಿ ಆರ್ಕೈವಿಸ್ಟ್, ಅಂದರೆ ಪತ್ರಾಗಾರದ ಹಳೇ ದಾಖಲೆ ನೋಡಿಕೊಳ್ಳುವವರು, ಆಗುವ ಆಸೆ. ಸಿನಿಮಾದ ಹಾಗೆ ಬಿಳಿ ಗ್ಲೌಸ್ ಹಾಕಿಕೊಂಡು ದಿನವಿಡೀ ಹಳೇ ಕಾಗದ ಓದುವುದೇ ಕೆಲಸವೇ ಎಂದು ಕೇಳಿದ್ದೀರಿ.

ಕಾಗದಕ್ಕೂ ಚರ್ಮಪತ್ರಕ್ಕೂ ತೊಳೆದು ಒರೆಸಿದ ಬರಿಗೈಯೇ ಸರಿ. ಹತ್ತಿಯ ಗ್ಲೌಸಿನಲ್ಲಿ ಹಾಳೆಯ ಅಂಚು ಬೆರಳಿಗೆ ತಿಳಿಯುವುದಿಲ್ಲ, ಹರಿಯುತ್ತದೆ. ಫೋಟೊ, ನೆಗೆಟಿವ್, ಲೋಹಕ್ಕೆ ಮಾತ್ರ ನೈಟ್ರೈಲ್ ಗ್ಲೌಸ್. ಓದಲು ಸಿಗುವ ಹೊತ್ತು ಕಡಿಮೆ. ಕ್ಯಾಟಲಾಗಿಗೆ ಸೇರದ ಪೆಟ್ಟಿಗೆ ಇದ್ದೂ ಇಲ್ಲದ ಹಾಗೆ, ಆದ್ದರಿಂದ ಕ್ಯಾಟಲಾಗ್ ಮಾಡುವುದೇ ಮುಖ್ಯ ಕೆಲಸ.

ಸಂಗ್ರಹ ಬಂದ ದಿನವೇ ರಿಜಿಸ್ಟರಿನಲ್ಲಿ ನಂಬರ್ ಬೀಳಬೇಕು: ಯಾರು ಕೊಟ್ಟರು, ದಾನವೋ ಒಡೆತನ ಬಿಡದೆ ಇಡಲು ಕೊಟ್ಟದ್ದೋ, ಹಕ್ಕುಸ್ವಾಮ್ಯ ಯಾರದು. ಇದು ತಪ್ಪಿದರೆ ಮುಂದೆ ವಾರಸುದಾರರು ಬಂದು ಕೇಳಿದಾಗ ಉತ್ತರವಿರುವುದಿಲ್ಲ. ಬೂಷ್ಟು, ಹುಳು ಇಲ್ಲವೆಂದು ಖಾತ್ರಿಯಾಗುವವರೆಗೆ ಪೆಟ್ಟಿಗೆಗಳು ಬೇರೆ ಕೋಣೆಯಲ್ಲಿರುತ್ತವೆ.

ಲೈಬ್ರರಿ ಓದಿದವರು ಎಡವುವುದು ಇದರ ನಂತರ. ವಿಷಯವಾರು ವಿಂಗಡಿಸಲು ಕೈ ತುರಿಸುತ್ತದೆ, ಮಾಡಬೇಡಿ. ಎಸ್ಟೇಟ್ ಕಚೇರಿಯ ಒಂದು ಕಟ್ಟಿನಲ್ಲಿ ಗೇಣಿ ಕರಾರು, ಒಕ್ಕಲಿಗೆ ಬರೆದ ಪತ್ರ, ಸರ್ವೆ ನಕ್ಷೆ ಒಟ್ಟಿಗಿವೆ ಎನ್ನಿ. ನಕ್ಷೆಯನ್ನು ಎತ್ತಿ ನಕ್ಷೆಗಳ ಜತೆ ಇಟ್ಟರೆ, ‘ಲಗತ್ತಿಸಿದ ನಕ್ಷೆ ನೋಡಿ’ ಎಂಬ ಪತ್ರದ ಮಾತು ಅನಾಥವಾಗುತ್ತದೆ. ಕಚೇರಿಯವರು ಇಟ್ಟ ಕ್ರಮವೇ ಒಂದು ಸಾಕ್ಷ್ಯ, ಒಮ್ಮೆ ಕದಡಿದರೆ ಮತ್ತೆ ಸಿಗುವುದಿಲ್ಲ. ನಕ್ಷೆ ದೊಡ್ಡದಾಗಿ ಬೇರೆಡೆ ಇಡಲೇಬೇಕಾದರೆ, ಅದರ ಜಾಗದಲ್ಲಿ ಚೀಟಿ ಇಡಿ. ಕ್ಯಾಟಲಾಗಿನ ವಿವರಣೆಗೆ ಐಸಾಡ್-ಜಿ ಎಂಬ ಅಂತರರಾಷ್ಟ್ರೀಯ ಮಾನದಂಡ ಬಳಸುತ್ತಾರೆ. ಅದರ 26 ಅಂಶಗಳಲ್ಲಿ ಆರು ಬಿಡುವಂತಿಲ್ಲ: ಸಂಕೇತ, ಶೀರ್ಷಿಕೆ, ದಿನಾಂಕ, ಮಟ್ಟ (ಇಡೀ ಸಂಗ್ರಹದ ವಿವರವೋ, ಒಂದು ಕಡತದ್ದೋ, ಒಂದೇ ಕಾಗದದ್ದೋ), ಪ್ರಮಾಣ, ಸೃಷ್ಟಿಸಿದವರು.

ಕೈಕೆಲಸದಲ್ಲಿ ಹೆಚ್ಚು ತಾಳ್ಮೆ ಬೇಡುವುದು ತುಕ್ಕು ಹಿಡಿದ ಸ್ಟೇಪಲ್. ಎಳೆಯಬೇಡಿ. ಹಾಳೆ ಬೋರಲು ಹಾಕಿ, ಸ್ಟೇಪಲಿನ ಕಾಲುಗಳ ಕೆಳಗೆ ತೆಳು ಪಾಲಿಯೆಸ್ಟರ್ ಪಟ್ಟಿ ತೂರಿಸಿ, ಚಪ್ಪಟೆ ಸ್ಪ್ಯಾಚುಲಾದಿಂದ ಒಂದೊಂದೇ ಕಾಲು ನೆಟ್ಟಗೆ ಮಾಡಿ. ಮತ್ತೆ ಹಾಳೆ ತಿರುಗಿಸಿ, ಮೇಲಿನಿಂದ ಎತ್ತಿ. ಬಳಿಕ ಆ ಹಾಳೆಗಳನ್ನು ಆಮ್ಲರಹಿತ ಕಾಗದದ ಮಡಿಕೆಯಲ್ಲಿ ಒಟ್ಟಿಗಿಡಿ. ನಂಬರ್ ಬರೆಯಲು 2ಬಿ ಪೆನ್ಸಿಲ್. ಗಟ್ಟಿ ಪೆನ್ಸಿಲ್ ಕಾಗದದಲ್ಲಿ ಗೆರೆ ಕೊರೆಯುತ್ತದೆ, ಪೆನ್ನು ಕೋಣೆಯೊಳಗೇ ಬೇಡ.

ಉಗ್ರಾಣದಲ್ಲಿ ಸಾಮಾನ್ಯವಾಗಿ 13ರಿಂದ 20 ಡಿಗ್ರಿ ಸೆಲ್ಸಿಯಸ್, ತೇವಾಂಶ ಶೇ. 35ರಿಂದ 60. ಶೇ. 65 ದಾಟಿ ಕೆಲವು ದಿನ ನಿಂತರೆ ಬೂಷ್ಟು ಏಳುತ್ತದೆ. ಏರಿಳಿತವೂ ಕೆಟ್ಟದ್ದೇ, ಚರ್ಮಪತ್ರ ಸೊಟ್ಟಗಾಗುತ್ತದೆ.

ಇಂಗ್ಲಿಷ್ ಬಂದರೆ ಹಳೇ ಇಂಗ್ಲಿಷ್ ದಾಖಲೆ ಓದಬಹುದು ಎಂದುಕೊಳ್ಳಬೇಡಿ. 16, 17ನೇ ಶತಮಾನದ ಕೈಬರಹವನ್ನು ಬೇರೆಯಾಗಿಯೇ ಕಲಿಯಬೇಕು. 1733ರವರೆಗೆ ಕೋರ್ಟಿನ ಎಷ್ಟೋ ದಾಖಲೆ ಲ್ಯಾಟಿನ್ನಿನಲ್ಲಿವೆ. 1752ಕ್ಕೆ ಮುಂಚೆ ಇಂಗ್ಲೆಂಡಿನಲ್ಲಿ ವರ್ಷ ತಿರುಗುತ್ತಿದ್ದದ್ದು ಮಾರ್ಚ್ 25ಕ್ಕೆ. ಹಾಗಾಗಿ 1701ರ ಫೆಬ್ರವರಿ 10 ಎಂದು ಬರೆದಿದ್ದರೆ ನಮ್ಮ ಲೆಕ್ಕಕ್ಕೆ ಅದು 1702. ಕ್ಯಾಟಲಾಗಿನಲ್ಲಿ 1701/2 ಎಂದು ಹಾಕಿ.

ಕನ್ನಡ ಉಪಯೋಗಕ್ಕೆ ಬರುತ್ತದೆಯೇ ಎಂದರೆ, ಲಂಡನ್ನಿನ ಬ್ರಿಟಿಷ್ ಲೈಬ್ರರಿಯಲ್ಲಿ ಇಂಡಿಯಾ ಆಫೀಸ್ (ಭಾರತದ ಆಡಳಿತ ನೋಡಿಕೊಳ್ಳುತ್ತಿದ್ದ ಬ್ರಿಟಿಷ್ ಸರ್ಕಾರದ ಇಲಾಖೆ) ದಾಖಲೆಗಳೇ ಸುಮಾರು 14 ಕಿ.ಮೀ. ಕಪಾಟಿನಷ್ಟಿವೆ. ಮೈಸೂರು ಸರ್ವೆ ಮಾಡಿದ ಕಾಲಿನ್ ಮೆಕೆಂಜಿಯ ಕಾಗದಗಳ ಒಂದು ಪಾಲೂ ಅಲ್ಲಿದೆ. ಆದರೆ ಕನ್ನಡ ಬೇಡುವ ಹುದ್ದೆಗಳು ಅಪರೂಪ, ಅದೊಂದನ್ನೇ ನಂಬಿ ಬರಬೇಡಿ.

ದುಡ್ಡಿನ ಮಾತು ಮುಚ್ಚಿಡಬಾರದು. ಲಿವರ್‌ಪೂಲ್, ಗ್ಲಾಸ್ಗೊ ಅಥವಾ ಲಂಡನ್ನಿನ ಯು.ಸಿ.ಎಲ್. (ಯೂನಿವರ್ಸಿಟಿ ಕಾಲೇಜ್ ಲಂಡನ್) ವಿಶ್ವವಿದ್ಯಾಲಯದಲ್ಲಿ ಆರ್ಕೈವ್ಸ್ ಸ್ನಾತಕೋತ್ತರ ಕೋರ್ಸ್ ಮಾಡಿದ ಮೇಲೂ ಮೊದಲು ಸಿಗುವುದು ಬಹುಪಾಲು ಒಂದೆರಡು ವರ್ಷದ ಗುತ್ತಿಗೆ ಕೆಲಸ. ಸ್ಕಿಲ್ಡ್ ವರ್ಕರ್ ವೀಸಾಕ್ಕೆ 2025ರ ಜುಲೈನಿಂದ ಸಂಬಳದ ಸಾಮಾನ್ಯ ಕನಿಷ್ಠ ಮಿತಿ ವರ್ಷಕ್ಕೆ 41,700 ಪೌಂಡ್. ಹೊಸಬರ ಸಂಬಳ ಅಷ್ಟು ಮುಟ್ಟುವುದು ಕಷ್ಟ. ವಯಸ್ಸು, ಓದು ನೋಡಿ ಕೊಡುವ ಕಡಿಮೆ ಮಿತಿ ನಿಮಗೆ ಅನ್ವಯಿಸುತ್ತದೆಯೇ ಎಂದು ಫೀಸು ಕಟ್ಟುವ ಮುಂಚೆಯೇ ಖಚಿತಪಡಿಸಿಕೊಳ್ಳಿ.

ಕೋರ್ಸಿಗೆ ಅನುಭವ ಕೇಳುತ್ತಾರೆ. ಅದನ್ನು ಕರ್ನಾಟಕದಲ್ಲೇ ಮಾಡಿಕೊಂಡು ಬನ್ನಿ: ರಾಜ್ಯ ಪತ್ರಾಗಾರ ಇಲಾಖೆಯಲ್ಲಿ ವಿಚಾರಿಸಿ, ಬೆಂಗಳೂರಿನ ಜೀವವಿಜ್ಞಾನ ಸಂಶೋಧನಾ ಕೇಂದ್ರ ಎನ್.ಸಿ.ಬಿ.ಎಸ್.ನ ಆರ್ಕೈವ್ಸ್‌ಗೆ ಬರೆದು ನೋಡಿ. ಅರ್ಜಿಯಲ್ಲಿ ಹಳೇ ಕಾಗದದ ಮೇಲಿನ ಪ್ರೀತಿಯನ್ನು ಬಣ್ಣಿಸುವ ಬದಲು ಎಷ್ಟು ಪೆಟ್ಟಿಗೆ ಪಟ್ಟಿ ಮಾಡಿದಿರಿ, ಯಾವ ಮಟ್ಟದವರೆಗೆ, ಮೂಲ ಕ್ರಮ ಕೆಟ್ಟಿದ್ದಲ್ಲಿ ಏನು ಮಾಡಿದಿರಿ ಎಂಬುದನ್ನು ಬರೆಯಿರಿ.