ಎಂಎಸ್‌ಡಬ್ಲ್ಯೂನಲ್ಲಿ (ಸಮಾಜಕಾರ್ಯದ ಸ್ನಾತಕೋತ್ತರ ಪದವಿ) ಕಲಿಸುವ ಗ್ರೂಪ್ ವರ್ಕ್ ಅಂದರೆ ಸುಮ್ನೆ ಆಟ ಆಡಿಸೋದಾ?

ಅಲ್ಲ, ಆಟ ಒಂದು ನೆಪ ಅಷ್ಟೇ. ಗುಂಪಿನ ಒಡನಾಟದಿಂದಲೇ ಸದಸ್ಯರು ಬೆಳೆಯಬೇಕು, ಅದು ಗುರಿ.

ಫೀಲ್ಡ್‌ವರ್ಕ್‌ಗೆ ಒಂದು ಹಾಸ್ಟೆಲ್‌ಗೆ ಹೋದಿರಿ ಅಂದುಕೊಳ್ಳಿ. ಹತ್ತು ಹುಡುಗಿಯರು ದುಂಡಗೆ ಕೂತಿದ್ದಾರೆ. ಇಬ್ಬರೇ ಮಾತಾಡುತ್ತಾರೆ. ಒಬ್ಬಳು ಚಾಪೆಯ ದಾರ ಕೀಳುತ್ತಾ ಕೂತಿರುತ್ತಾಳೆ. ‘ನೀನೂ ಹೇಳಮ್ಮ’ ಅಂತ ಒತ್ತಾಯಿಸಿದರೆ ಇನ್ನಷ್ಟು ಮುದುಡುತ್ತಾಳೆ. ಹಾಜರಿ ಬರೆಯುವ ಕೆಲಸ ಕೊಟ್ಟು ನೋಡಿ; ಮುಂದಿನ ವಾರ ತಾನಾಗೇ ಬಾಯಿಬಿಡಬಹುದು.

ನಡುವೆ ಜಗಳ ಬಂದರೆ ಗಾಬರಿ ಬೇಡ. ಗುಂಪು ಬೆಳೆಯುವ ಬಗ್ಗೆ ಮನಶ್ಶಾಸ್ತ್ರಜ್ಞ ಟಕ್‌ಮನ್ 1965ರಲ್ಲಿ ಹೇಳಿದ ನಾಲ್ಕು ಹಂತಗಳಲ್ಲಿ ಅದು ಎರಡನೆಯದು: ಸೇರುವುದು, ಜಗಳ, ಹೊಂದಿಕೆ, ಕೆಲಸ. 1977ರಲ್ಲಿ ಐದನೆಯದಾಗಿ ಬೀಳ್ಕೊಡುಗೆ ಸೇರಿತು. ನನ್ನ ಪ್ರಕಾರ ವಿದ್ಯಾರ್ಥಿಗಳು ಜಾಸ್ತಿ ಎಡವುವುದು ಇಲ್ಲೇ. ಪರೀಕ್ಷೆ ಬಂತು ಅಂತ ಹೇಳದೆ ಕೇಳದೆ ಮಾಯವಾಗುತ್ತಾರೆ. ಗುಂಪು ಮುಗಿಯುತ್ತದೆ ಅಂತ ಎರಡು ಭೇಟಿ ಮುಂಚೆಯೇ ಹೇಳಿಬಿಡಿ.