ಐನೂರು ರೂಪಾಯಿ ದಂಡ, ತಿರಸ್ಕೃತ ನಾಮಪತ್ರ

ಪ್ರಶ್ನೆ: ನನ್ನ ತಮ್ಮನ ಮಗ ದೆಹಲಿಯ ವಿಶ್ವವಿದ್ಯಾಲಯವೊಂದರಲ್ಲಿ ಎಂ.ಎ. ಓದುತ್ತಿದ್ದಾನೆ. ವಿದ್ಯಾರ್ಥಿ ಸಂಘದ ಚುನಾವಣೆಗೆ ಅವನು ಸಲ್ಲಿಸಿದ ನಾಮಪತ್ರವನ್ನು ತಿರಸ್ಕರಿಸಿದ್ದಾರೆ. ಹಿಂದಿನ ವರ್ಷ ಹಾಸ್ಟೆಲ್ ಗೋಡೆಗೆ ಭಿತ್ತಿಪತ್ರ ಅಂಟಿಸಿದ್ದಕ್ಕೆ ಐನೂರು ರೂಪಾಯಿ ದಂಡ ಕಟ್ಟಿದ್ದನಂತೆ. ಅದೇ ‘ಶಿಸ್ತುಕ್ರಮ’ ಎನ್ನುತ್ತಾರೆ. ಹೈಕೋರ್ಟಿಗೆ ಹೋದರೆ ಫಲವಿದೆಯೇ?
– ಓದುಗರೊಬ್ಬರು, ಧಾರವಾಡ

ಉತ್ತರ: ಹೋಗಬಹುದು. ಆದರೆ ನಿಮ್ಮ ಹುಡುಗನಿಗೆ ಕಾನೂನಿಗಿಂತ ಕ್ಯಾಲೆಂಡರೇ ದೊಡ್ಡ ಎದುರಾಳಿ.

ಮಾಜಿ ಮುಖ್ಯ ಚುನಾವಣಾ ಆಯುಕ್ತ ಜೆ.ಎಂ. ಲಿಂಗ್ಡೋ ಅವರ ಅಧ್ಯಕ್ಷತೆಯ ಸಮಿತಿಯು ವಿದ್ಯಾರ್ಥಿ ಸಂಘಗಳ ಚುನಾವಣೆ ಕುರಿತು 2006ರಲ್ಲಿ ಸಲ್ಲಿಸಿದ ಶಿಫಾರಸುಗಳನ್ನು ಸುಪ್ರೀಂ ಕೋರ್ಟ್ ಅದೇ ವರ್ಷದ ಸೆಪ್ಟೆಂಬರಿನಲ್ಲಿ ಜಾರಿಗೆ ತಂದಿತು. ಅಭ್ಯರ್ಥಿಗೆ ಕನಿಷ್ಠ ಶೇ. 75ರಷ್ಟು ಹಾಜರಾತಿ ಇರಬೇಕು, ಸ್ಪರ್ಧಿಸುವ ವರ್ಷ ಯಾವ ವಿಷಯವೂ ಬಾಕಿ ಉಳಿದಿರಬಾರದು, ಪದಾಧಿಕಾರಿ ಹುದ್ದೆಗೆ ಒಮ್ಮೆ ಮಾತ್ರ ಅವಕಾಶ ಎಂಬ ನಿಯಮಗಳೆಲ್ಲ ಅಲ್ಲಿಂದಲೇ ಬಂದವು. ಇವುಗಳನ್ನು ದಾಖಲೆ ನೋಡಿ ಲೆಕ್ಕ ಹಾಕಬಹುದು. ತಕರಾರು ಹುಟ್ಟುವುದು ಇನ್ನೊಂದು ನಿಯಮದಲ್ಲಿ: ಅಭ್ಯರ್ಥಿಯು ಅಪರಾಧ ಪ್ರಕರಣದಲ್ಲಿ ವಿಚಾರಣೆಗೆ ಒಳಗಾಗಿರಬಾರದು ಅಥವಾ ಶಿಕ್ಷೆ ಪಡೆದಿರಬಾರದು, ವಿಶ್ವವಿದ್ಯಾಲಯದ ಯಾವುದೇ ಶಿಸ್ತುಕ್ರಮಕ್ಕೂ ಗುರಿಯಾಗಿರಬಾರದು. ‘ಯಾವುದೇ’ ಎಂಬಲ್ಲಿ ಐನೂರು ರೂಪಾಯಿ ದಂಡಕ್ಕೂ ಅಮಾನತಿಗೂ ಭೇದ ಉಳಿಯುವುದಿಲ್ಲ. ವಿಚಾರಣೆ ಎದುರಿಸುತ್ತಿದ್ದಾರೆಂಬ ಕಾರಣಕ್ಕೆ ನಮ್ಮ ಶಾಸಕರು, ಸಂಸದರು ಅನರ್ಹರಾಗುವುದಿಲ್ಲ. ಇಪ್ಪತ್ತೆರಡರ ಹುಡುಗನಿಗೆ ಅದಕ್ಕಿಂತ ಬಿಗಿಯಾದ ಮಾನದಂಡ ಇಟ್ಟಿರುವುದು ನನಗಂತೂ ಒಪ್ಪಿಗೆಯಿಲ್ಲ.

ಇನ್ನು ಸಮಯದ ಮಾತು. ನಾಮಪತ್ರ ಸಲ್ಲಿಕೆಯಿಂದ ಫಲಿತಾಂಶದವರೆಗಿನ ಇಡೀ ಪ್ರಕ್ರಿಯೆ ಹತ್ತು ದಿನ ಮೀರಬಾರದು ಎಂದು ಸಮಿತಿಯೇ ಹೇಳಿದೆ. ಶಾಸನಸಭೆಯ ಚುನಾವಣೆಯಲ್ಲಿ ನಾಮಪತ್ರ ತಿರಸ್ಕೃತವಾದರೆ ನಡುವೆ ಕೋರ್ಟು ಕೈಹಾಕುವಂತಿಲ್ಲ ಎಂದು 1952ರ ಪೊನ್ನುಸ್ವಾಮಿ ಪ್ರಕರಣದಲ್ಲೇ ತೀರ್ಮಾನವಾಗಿದೆ. ಸಂವಿಧಾನದ ಆ ನಿರ್ಬಂಧ ವಿದ್ಯಾರ್ಥಿ ಸಂಘಗಳಿಗೆ ಅನ್ವಯಿಸುವುದಿಲ್ಲವಾದ್ದರಿಂದ 226ನೇ ವಿಧಿಯಡಿ ಹೈಕೋರ್ಟಿಗೆ ರಿಟ್ ಅರ್ಜಿ (ಅಧಿಕಾರಿಗಳ ಆದೇಶವನ್ನು ಪ್ರಶ್ನಿಸುವ ಅರ್ಜಿ) ಹಾಕಲು ಅಡ್ಡಿಯಿಲ್ಲ. ಆದರೂ ಹತ್ತು ದಿನದೊಳಗೆ ಅಂತಿಮ ತೀರ್ಪು ಬರುವುದು ಕಷ್ಟ. ಸಿಕ್ಕರೆ ಸಿಗುವುದು ಮಧ್ಯಂತರ ಆದೇಶ. ದೆಹಲಿ ವಿಶ್ವವಿದ್ಯಾಲಯದಲ್ಲಿ 2017ರಲ್ಲಿ ಆದದ್ದು ಇದೇ. ಹಳೆಯ ಶಿಸ್ತುಕ್ರಮದ ಕಾರಣಕ್ಕೆ ನಾಮಪತ್ರ ಕಳೆದುಕೊಂಡಿದ್ದ ಅಧ್ಯಕ್ಷ ಸ್ಥಾನದ ಅಭ್ಯರ್ಥಿಯು ಹೈಕೋರ್ಟಿನ ಅನುಮತಿಯಿಂದ ಸ್ಪರ್ಧಿಸಿ ಗೆದ್ದರು. 2018ರ ಜುಲೈನಲ್ಲಿ ಅದೇ ಹೈಕೋರ್ಟ್ ಆ ಆಯ್ಕೆಯನ್ನು ರದ್ದುಪಡಿಸಿತು. ಅಷ್ಟರಲ್ಲಿ ಅವರ ಒಂದು ವರ್ಷದ ಅವಧಿಯೇ ಮುಗಿಯುತ್ತ ಬಂದಿತ್ತು.

ಆದ್ದರಿಂದ ಮೊದಲು ತಿರಸ್ಕಾರದ ಆದೇಶವನ್ನು ಕಾರಣಸಹಿತ ಲಿಖಿತವಾಗಿ ಕೇಳಿ ಪಡೆಯಲಿ. ಅದೇ ದಿನ ವಿಶ್ವವಿದ್ಯಾಲಯದ ಕುಂದುಕೊರತೆ ನಿವಾರಣಾ ಕೋಶಕ್ಕೆ ಮನವಿ ಕೊಡಲಿ; ಅಲ್ಲಿಗೆ ಹೋಗದೆ ನೇರವಾಗಿ ಬಂದವರನ್ನು ನ್ಯಾಯಾಲಯಗಳು ಹಿಂದಕ್ಕೆ ಕಳಿಸುವುದುಂಟು. ಜೊತೆಗೆ ದಂಡದ ರಸೀದಿಯನ್ನು ಹುಡುಕಿ ತೆಗೆಯಲಿ. ನೋಟಿಸು ಕೊಟ್ಟು, ಉತ್ತರ ಕೇಳಿ, ಪ್ರಾಕ್ಟರ್ (ವಿಶ್ವವಿದ್ಯಾಲಯದ ಶಿಸ್ತು ನೋಡಿಕೊಳ್ಳುವ ಅಧಿಕಾರಿ) ಆದೇಶ ಹೊರಡಿಸಿದ್ದರೆ ಅದು ಶಿಸ್ತುಕ್ರಮವೇ. ‘ಗೋಡೆ ಶುಚಿಗೊಳಿಸಿದ ವೆಚ್ಚ’ ಎಂದಷ್ಟೇ ಬರೆದು ಹಾಸ್ಟೆಲ್ ಕಚೇರಿ ಹಣ ಕಟ್ಟಿಸಿಕೊಂಡಿದ್ದರೆ ವಕೀಲರಿಗೆ ವಾದಿಸಲು ಗಟ್ಟಿ ನೆಲ ಸಿಗುತ್ತದೆ.

ಪ್ರಶ್ನೆ: ಗೆದ್ದ ಅಧ್ಯಕ್ಷರು ಅನರ್ಹರೆಂದು ತಿಳಿದರೆ ಎರಡನೆಯ ಸ್ಥಾನದಲ್ಲಿದ್ದವರು ಗೆದ್ದಂತೆಯೇ?
– ವಿದ್ಯಾರ್ಥಿನಿ, ತುಮಕೂರು

ಉತ್ತರ: ಲಿಂಗ್ಡೋ ನಿಯಮದಲ್ಲಿ ಹಾಗಿಲ್ಲ. ಚುನಾವಣೆಯಾಗಿ ಎರಡು ತಿಂಗಳೊಳಗೆ ಸ್ಥಾನ ತೆರವಾದರೆ ಮರುಚುನಾವಣೆ. ಆ ಬಳಿಕವಾದರೆ ಉಪಾಧ್ಯಕ್ಷರಿಗೆ ಬಡ್ತಿ. ದೆಹಲಿ ವಿಶ್ವವಿದ್ಯಾಲಯದಲ್ಲಿ 2018ರ ಸೆಪ್ಟೆಂಬರಿನಲ್ಲಿ ಗೆದ್ದ ಅಧ್ಯಕ್ಷರ ಪದವಿ ಪ್ರಮಾಣಪತ್ರ ನಕಲಿಯೆಂಬ ದೂರು ಬಂದು, ಪರಿಶೀಲನೆ ಎಳೆದಾಡಿ, ಅವರು ಕುರ್ಚಿ ಬಿಡುವಾಗ ನವೆಂಬರಿನ ನಡುಭಾಗವಾಗಿತ್ತು. ಎರಡು ತಿಂಗಳ ಗಡುವು ಆಗಷ್ಟೇ ಕಳೆದಿತ್ತು. ಅವರದೇ ವಿದ್ಯಾರ್ಥಿ ಸಂಘಟನೆಗೆ ಸೇರಿದ ಉಪಾಧ್ಯಕ್ಷರು ಅಧ್ಯಕ್ಷರಾದರು.